ಗೇಮ್ ಸೇವ್ ಕಳೆದುಕೊಳ್ಳದೆ ಒನ್‌ಡ್ರೈವ್ ಸಿಂಕ್‌ನಿಂದ ಹೊರಗಿಡುವ ಕ್ರಮ: ಸಮಗ್ರ ಮಾರ್ಗದರ್ಶಿ

ವಿಂಡೋಸ್ 11ರಲ್ಲಿ ಗೇಮ್ ಫೈಲ್‌ಗಳು ಒನ್‌ಡ್ರೈವ್‌ಗೆ (ಮೈಕ್ರೋಸಾಫ್ಟ್‌ನ ಕ್ಲೌಡ್ ಸಂಗ್ರಹಕ್ಕೆ) ಹೋಗದಂತೆ ಮಾಡಲು ಹೊರಟವರು ಹೆಚ್ಚಾಗಿ ಎಡವುವುದು ಒಂದೇ ಕಡೆ. ಒನ್‌ಡ್ರೈವ್ ಸೆಟ್ಟಿಂಗ್ಸ್‌ನಲ್ಲಿ ‘ಚೂಸ್ ಫೋಲ್ಡರ್ಸ್’ ಪಟ್ಟಿ ತೆರೆದು, ‘ಮೈ ಗೇಮ್ಸ್’ ಎದುರಿನ ಟಿಕ್ ತೆಗೆದು, ಓಕೆ ಒತ್ತುತ್ತಾರೆ. ಆ ಫೋಲ್ಡರ್ ಕಂಪ್ಯೂಟರ್‌ನಿಂದಲೇ ಅಳಿಸಿಹೋಗುತ್ತದೆ. ಕ್ಲೌಡ್‌ನಲ್ಲಿರುವ ಪ್ರತಿ ಮಾತ್ರ ಉಳಿಯುತ್ತದೆ. ಗೇಮ್ ತೆರೆದರೆ ಹಳೆಯ ಸೇವ್ (ಆಟ ಎಲ್ಲಿಗೆ ಬಂದಿತ್ತೆಂದು ಉಳಿಸಿಟ್ಟ ಫೈಲ್) ಒಂದೂ ಕಾಣುವುದಿಲ್ಲ. ಇನ್ನು ಕೆಲವರು ಬೇಸತ್ತು ಒನ್‌ಡ್ರೈವ್ ಅನ್ನೇ ಅನ್‌ಇನ್‌ಸ್ಟಾಲ್ ಮಾಡುತ್ತಾರೆ. ಆಗ ಕ್ಲೌಡ್‌ನಲ್ಲಿ ಮಾತ್ರ ಇದ್ದ ಫೈಲ್‌ಗಳು ಕೈಗೆ ಸಿಗದಂತಾಗುತ್ತವೆ, ಡಾಕ್ಯುಮೆಂಟ್ಸ್ ಫೋಲ್ಡರ್‌ನ ವಿಳಾಸ ಹಳೆಯ ಜಾಗವನ್ನೇ ತೋರಿಸುತ್ತ ಉಳಿಯಲೂಬಹುದು.

ಇದಕ್ಕೆ ಮೂಲ ಕಾರಣವೆಂದರೆ, ‘ಈ ಫೋಲ್ಡರ್ ಕಂಪ್ಯೂಟರ್‌ನಲ್ಲಿ ಇರಲಿ, ಆದರೆ ಕ್ಲೌಡ್‌ಗೆ ಹೋಗುವುದು ಬೇಡ’ ಎಂದು ಹೇಳುವ ಸ್ವಿಚ್ ಒನ್‌ಡ್ರೈವ್‌ನಲ್ಲಿ ಇಲ್ಲ. ಹಾಗಾಗಿ ಒಂದೊಂದೇ ಗೇಮ್ ಫೋಲ್ಡರನ್ನು ಹೊರಗೆ ಎಳೆಯಲು ಹೋದರೆ ಕೆಲಸ ಕೆಡುತ್ತದೆ. ಲೆಕ್ಕವನ್ನು ತಿರುಗಿಸಿ: ಡಾಕ್ಯುಮೆಂಟ್ಸ್ ಫೋಲ್ಡರನ್ನು ಇಡಿಯಾಗಿ ಒನ್‌ಡ್ರೈವ್‌ನಿಂದ ಬಿಡಿಸಿ, ಕ್ಲೌಡ್‌ನಲ್ಲಿ ಇರಲೇಬೇಕಾದ ಕಾಗದಪತ್ರಗಳನ್ನು ಮಾತ್ರ ಒನ್‌ಡ್ರೈವ್ ಒಳಗೆ ಇಡಿ. ಕೆಳಗಿನ ಹಂತಗಳೆಲ್ಲ ಈ ಒಂದು ತೀರ್ಮಾನದ ಮೇಲೆ ನಿಂತಿವೆ. ಹಂತಗಳ ಕ್ರಮ ಬದಲಿಸಬೇಡಿ, ಯಾವುದನ್ನೂ ಹಾರಿಸಬೇಡಿ.

## ಯಾವ ಗೇಮ್‌ಗೆ ತೊಂದರೆ, ಯಾವುದಕ್ಕೆ ಇಲ್ಲ

ಒನ್‌ಡ್ರೈವ್‌ನ ಫೋಲ್ಡರ್ ಬ್ಯಾಕಪ್ ಮುಟ್ಟುವುದು ಡೆಸ್ಕ್‌ಟಾಪ್, ಡಾಕ್ಯುಮೆಂಟ್ಸ್, ಪಿಕ್ಚರ್ಸ್ ಫೋಲ್ಡರ್‌ಗಳನ್ನು. ಈಚಿನ ಆವೃತ್ತಿಗಳಲ್ಲಿ ಮ್ಯೂಸಿಕ್, ವಿಡಿಯೋಸ್ ಕೂಡ ಸೇರಿವೆ. ಹೊಸ ಲ್ಯಾಪ್‌ಟಾಪ್‌ನಲ್ಲಿ ಮೈಕ್ರೋಸಾಫ್ಟ್ ಖಾತೆಯಿಂದ ಸೈನ್ ಇನ್ ಆಗಿ, ಬಂದ ಪರದೆಗಳಲ್ಲೆಲ್ಲ ‘ನೆಕ್ಸ್ಟ್’ ಒತ್ತುತ್ತ ಹೋದರೆ ಬ್ಯಾಕಪ್ ಆನ್ ಆಗಿರುವ ಸಾಧ್ಯತೆಯೇ ಹೆಚ್ಚು. ಆನ್ ಆದ ಮೇಲೆ ನಿಮ್ಮ ಡಾಕ್ಯುಮೆಂಟ್ಸ್ ಇರುವ ಜಾಗವೇ ಬದಲಾಗುತ್ತದೆ. ‘ಸಿ ಡ್ರೈವ್ > ಯೂಸರ್ಸ್ > ನಿಮ್ಮ ಹೆಸರು > ಡಾಕ್ಯುಮೆಂಟ್ಸ್’ ಎಂದಿದ್ದದ್ದು ‘ಸಿ ಡ್ರೈವ್ > ಯೂಸರ್ಸ್ > ನಿಮ್ಮ ಹೆಸರು > ಒನ್‌ಡ್ರೈವ್ > ಡಾಕ್ಯುಮೆಂಟ್ಸ್’ ಆಗುತ್ತದೆ.

ಡಾಕ್ಯುಮೆಂಟ್ಸ್ ಒಳಗೆ ಸೇವ್ ಇಡುವ ಗೇಮ್‌ಗಳಿಗೆಲ್ಲ ಇದರ ಬಿಸಿ ತಟ್ಟುತ್ತದೆ. ಸ್ಕೈರಿಮ್ ಮತ್ತು ಫಾಲ್‌ಔಟ್ 4 ‘ಮೈ ಗೇಮ್ಸ್’ ಒಳಗೆ, ಜಿಟಿಎ 5 ‘ರಾಕ್‌ಸ್ಟಾರ್ ಗೇಮ್ಸ್’ ಒಳಗೆ, ಸಿಮ್ಸ್ 4 ‘ಎಲೆಕ್ಟ್ರಾನಿಕ್ ಆರ್ಟ್ಸ್’ ಒಳಗೆ, ಕ್ರುಸೇಡರ್ ಕಿಂಗ್ಸ್ 3 ಮತ್ತು ಸ್ಟೆಲಾರಿಸ್ ‘ಪ್ಯಾರಡಾಕ್ಸ್ ಇಂಟರಾಕ್ಟಿವ್’ ಒಳಗೆ, ವಿಚರ್ 3 ಮತ್ತು ಯೂರೋ ಟ್ರಕ್ ಸಿಮ್ಯುಲೇಟರ್ 2 ತಮ್ಮದೇ ಹೆಸರಿನ ಫೋಲ್ಡರ್‌ಗಳಲ್ಲಿ ಬರೆಯುತ್ತವೆ. ಸೇವ್‌ಗಿಂತ ಹೆಚ್ಚು ಜಾಗ ತಿನ್ನುವುದು ಮಾಡ್‌ಗಳು, ಅಂದರೆ ಗೇಮ್‌ಗೆ ಹೊರಗಿನಿಂದ ಸೇರಿಸಿಕೊಳ್ಳುವ ಹೆಚ್ಚುವರಿ ಫೈಲ್‌ಗಳು. ಯೂರೋ ಟ್ರಕ್‌ಗೆ ಬಸ್ ಮಾಡ್, ಮ್ಯಾಪ್ ಮಾಡ್ ಹಾಕಿಕೊಂಡವರ ‘ಮಾಡ್’ ಫೋಲ್ಡರ್ ಹಲವು ಜಿಬಿ ಇರುವುದು ಸಾಮಾನ್ಯ. ಉಚಿತ ಒನ್‌ಡ್ರೈವ್ ಖಾತೆಯಲ್ಲಿ ಸಿಗುವುದೇ 5 ಜಿಬಿ. ಸ್ಟೀಮ್ ವರ್ಕ್‌ಶಾಪ್‌ನಿಂದ ಸಬ್‌ಸ್ಕ್ರೈಬ್ ಮಾಡಿದ ಮಾಡ್‌ಗಳು ಮಾತ್ರ ಸ್ಟೀಮ್ ಲೈಬ್ರರಿಯೊಳಗೇ ಇರುತ್ತವೆ. ಕೈಯಾರೆ ಡೌನ್‌ಲೋಡ್ ಮಾಡಿ ಹಾಕಿದವೇ ತಲೆನೋವು.

ಈ ಕೆಳಗಿನವುಗಳ ಬಗ್ಗೆ ಚಿಂತೆ ಬೇಡ: ಎಲ್ಡನ್ ರಿಂಗ್, ಸ್ಟಾರ್‌ಡ್ಯೂ ವ್ಯಾಲಿ, ಮೈನ್‌ಕ್ರಾಫ್ಟ್ ಜಾವಾ, ಬಾಲ್ಡರ್ಸ್ ಗೇಟ್ 3. ಇವೆಲ್ಲ ‘ಆ್ಯಪ್‌ಡೇಟಾ’ ಎಂಬ ಅಡಗಿಸಿಟ್ಟ ಫೋಲ್ಡರ್‌ನಲ್ಲಿ ಬರೆಯುತ್ತವೆ. ಸೈಬರ್‌ಪಂಕ್ 2077 ‘ಸೇವ್ಡ್ ಗೇಮ್ಸ್’ ಎಂಬ ಬೇರೆಯದೇ ಫೋಲ್ಡರ್‌ನಲ್ಲಿ ಬರೆಯುತ್ತದೆ. ಈ ಎರಡನ್ನೂ ಒನ್‌ಡ್ರೈವ್ ಬ್ಯಾಕಪ್ ಮುಟ್ಟುವುದಿಲ್ಲ. ನಿಮ್ಮ ಗೇಮ್ ಎಲ್ಲಿ ಬರೆಯುತ್ತದೆ ಎಂದು ಗೊತ್ತಿಲ್ಲದಿದ್ದರೆ ಪಿಸಿ ಗೇಮಿಂಗ್ ವಿಕಿಯಲ್ಲಿ ಆ ಗೇಮ್‌ನ ಪುಟ ತೆರೆಯಿರಿ. ಸೇವ್ ಇರುವ ಜಾಗ, ಸೆಟ್ಟಿಂಗ್ ಫೈಲ್ ಇರುವ ಜಾಗ ಎರಡನ್ನೂ ಅಲ್ಲಿ ಬೇರೆ ಬೇರೆಯಾಗಿ ಕೊಟ್ಟಿರುತ್ತಾರೆ.

## ಎಚ್ಚರಿಕೆಯ ಗುರುತುಗಳು

ಎಕ್ಸ್‌ಪ್ಲೋರರ್‌ನಲ್ಲಿ ಸೇವ್ ಫೋಲ್ಡರ್ ತೆರೆದು ಫೈಲ್‌ಗಳ ಪಕ್ಕದ ಚಿಹ್ನೆ ನೋಡಿ. ನೀಲಿ ಮೋಡ ಇದ್ದರೆ ಆ ಫೈಲ್ ನಿಮ್ಮ ಡಿಸ್ಕ್‌ನಲ್ಲಿ ಇಲ್ಲ, ಇರುವುದು ಹೆಸರು ಮಾತ್ರ. ತೆರೆಯಲು ಹೋದಾಗಷ್ಟೇ ಅದು ಡೌನ್‌ಲೋಡ್ ಆಗುತ್ತದೆ. ಬಿಳಿ ಹಿನ್ನೆಲೆಯ ಹಸಿರು ಟಿಕ್ ಇದ್ದರೆ ಫೈಲ್ ಸದ್ಯಕ್ಕೆ ಡಿಸ್ಕ್‌ನಲ್ಲಿದೆ. ಇಡೀ ಹಸಿರು ವೃತ್ತದೊಳಗೆ ಬಿಳಿ ಟಿಕ್ ಇದ್ದರೆ ಡಿಸ್ಕ್‌ನಲ್ಲೇ ಉಳಿಯುತ್ತದೆ. ನೀಲಿ ಮೋಡದ ಸೇವ್ ಇಟ್ಟುಕೊಂಡು ನೆಟ್ ಇಲ್ಲದ ಊರಿಗೆ ಹೋದರೆ ಗೇಮ್ ಅದನ್ನು ‘ಕರಪ್ಟ್ ಆಗಿದೆ’ ಎನ್ನಬಹುದು, ಅಥವಾ ಲೋಡಿಂಗ್ ಪರದೆಯಲ್ಲೇ ನಿಂತುಬಿಡಬಹುದು.

ಎರಡನೆಯ ಗುರುತು, ಒಂದೇ ಸೇವ್‌ಗೆ ಎರಡು ಪ್ರತಿ. ಎರಡು ಕಂಪ್ಯೂಟರ್‌ಗಳಲ್ಲಿ ಒಂದೇ ಫೈಲ್ ಬದಲಾದರೆ ಒನ್‌ಡ್ರೈವ್ ಯಾವುದನ್ನೂ ಅಳಿಸದೆ, ಒಂದರ ಹೆಸರಿನ ಕೊನೆಗೆ ಕಂಪ್ಯೂಟರ್‌ನ ಹೆಸರು ಅಂಟಿಸುತ್ತದೆ. ಆ ಹೊಸ ಹೆಸರನ್ನು ಗೇಮ್ ಗುರುತಿಸದೇ ಇರಬಹುದು. ಒಂದು ವಾರದ ಆಟ ಕಾಣೆಯಾಯಿತು ಎಂದುಕೊಳ್ಳುವವರ ಸೇವ್ ಎಷ್ಟೋ ಸಲ ಈ ಎರಡನೆಯ ಹೆಸರಿನಲ್ಲೇ ಕೂತಿರುತ್ತದೆ.

ಆಟೋಸೇವ್ ಆಗುವಾಗಲೆಲ್ಲ ಆಟ ಒಂದು ಕ್ಷಣ ತಡವರಿಸುವುದು, ‘ಸೇವ್ ಮಾಡಲಾಗಲಿಲ್ಲ’ ಎಂಬ ಸಂದೇಶ ಆಗಾಗ ಬರುವುದು ಮೂರನೆಯ ಗುರುತು. ಬಹಳಷ್ಟು ಗೇಮ್‌ಗಳು ಮೊದಲು ತಾತ್ಕಾಲಿಕ ಫೈಲ್ ಬರೆದು, ಹಳೆಯ ಸೇವ್ ಅಳಿಸಿ, ಹೊಸದಕ್ಕೆ ಹಳೆಯ ಹೆಸರು ಕೊಡುತ್ತವೆ. ಅದೇ ಹೊತ್ತಿಗೆ ಒನ್‌ಡ್ರೈವ್ ಆ ಫೈಲನ್ನು ಅಪ್‌ಲೋಡ್‌ಗಾಗಿ ತೆರೆದಿಟ್ಟುಕೊಂಡಿದ್ದರೆ ಹೆಸರು ಬದಲಿಸುವುದು ವಿಫಲವಾಗುತ್ತದೆ.

ಡೇಟಾ ಲೆಕ್ಕವನ್ನೂ ನೋಡಿ. ಒಂದು ಸೇವ್ 40 ಎಂಬಿ ಇದ್ದು, ಐದು ನಿಮಿಷಕ್ಕೊಮ್ಮೆ ಆಟೋಸೇವ್ ಆದರೆ ಗಂಟೆಗೆ 480 ಎಂಬಿವರೆಗೆ ಅಪ್‌ಲೋಡ್. ಮೂರು ಗಂಟೆ ಆಡಿದರೆ 1,440 ಎಂಬಿ. ಮೊಬೈಲ್ ಹಾಟ್‌ಸ್ಪಾಟ್‌ನಲ್ಲಿ ದಿನಕ್ಕೆ 1.5 ಜಿಬಿ ಪ್ಯಾಕ್ ಇಟ್ಟುಕೊಂಡವರಿಗೆ ಅಲ್ಲಿಗೆ ಆ ದಿನದ ಡೇಟಾ ಬಹುತೇಕ ಮುಗಿಯಬಹುದು.

‘ಒನ್‌ಡ್ರೈವ್ ತುಂಬಿದೆ’ ಎಂಬ ಸೂಚನೆಯನ್ನು ಹಗುರವಾಗಿ ತೆಗೆದುಕೊಳ್ಳಬೇಡಿ. ಮೈಕ್ರೋಸಾಫ್ಟ್‌ನ ಸಂಗ್ರಹ ಮಿತಿ ದಾಟಿದರೆ ಅದೇ ಖಾತೆಯ ಔಟ್‌ಲುಕ್ ಮೇಲ್ ಕಳುಹಿಸುವುದು, ಪಡೆಯುವುದು ಎರಡಕ್ಕೂ ತಡೆ ಬೀಳುತ್ತದೆ. ಗೇಮ್ ಮಾಡ್‌ಗಳಿಂದ ಜಾಗ ತುಂಬಿ ಕೆಲಸದ ಸಂದರ್ಶನದ ಮೇಲ್ ಬರದೇ ಹೋಗುವುದು ಆಗಬಾರದ ಮಾತು.

## ಕೆಲಸಕ್ಕೆ ಬೇಕಾದದ್ದು

ಬೇರೆ ಡ್ರೈವ್‌ನಲ್ಲಿ (ಡಿ ಡ್ರೈವ್, ಪೆನ್‌ಡ್ರೈವ್, ಪೋರ್ಟಬಲ್ ಹಾರ್ಡ್‌ಡಿಸ್ಕ್ ಯಾವುದಾದರೂ ಸರಿ) ನಿಮ್ಮ ಡಾಕ್ಯುಮೆಂಟ್ಸ್ ಫೋಲ್ಡರ್‌ನಷ್ಟು ಖಾಲಿ ಜಾಗ ಬೇಕು. ಸಿ ಡ್ರೈವ್‌ನಲ್ಲೂ ಅಷ್ಟೇ ಜಾಗ ಖಾಲಿ ಇರಬೇಕು, ಏಕೆಂದರೆ ಸ್ವಲ್ಪ ಕಾಲ ಎರಡು ಪ್ರತಿ ಇರುತ್ತವೆ. ಪೆನ್‌ಡ್ರೈವ್ ಫ್ಯಾಟ್ 32 ಎಂಬ ಮಾದರಿಯಲ್ಲಿ ಫಾರ್ಮ್ಯಾಟ್ ಆಗಿದ್ದರೆ 4 ಜಿಬಿಗಿಂತ ದೊಡ್ಡ ಫೈಲ್ ಅದಕ್ಕೆ ಹಿಡಿಸುವುದಿಲ್ಲ. ದೊಡ್ಡ ಮ್ಯಾಪ್ ಮಾಡ್ ಇದ್ದವರು ಮೊದಲೇ ಎಕ್ಸ್‌ಫ್ಯಾಟ್‌ಗೆ ಫಾರ್ಮ್ಯಾಟ್ ಮಾಡಿಕೊಳ್ಳಿ. ಮಿತಿಯಿಲ್ಲದ ನೆಟ್ ಬೇಕು, ಲ್ಯಾಪ್‌ಟಾಪ್ ಚಾರ್ಜರ್‌ಗೆ ಸಿಕ್ಕಿಸಿರಬೇಕು. ಕರೆಂಟ್ ಹೋಗಿ ಬರುವ ಹೊತ್ತಿನಲ್ಲಿ ಡೆಸ್ಕ್‌ಟಾಪ್ ಕಂಪ್ಯೂಟರ್‌ನಲ್ಲಿ ಇದನ್ನು ಶುರುಮಾಡಬೇಡಿ.

## ಹಂತ 1: ಗೇಮ್, ಲಾಂಚರ್ (ಗೇಮ್ ತೆರೆಯುವ ತಂತ್ರಾಂಶ) ಎಲ್ಲವನ್ನೂ ಪೂರ್ತಿ ಮುಚ್ಚಿ

ಸ್ಟೀಮ್ ಕಿಟಕಿಯ ಮೂಲೆಯ ಗುಣಿಸು ಗುರುತು ಒತ್ತಿದರೆ ಸ್ಟೀಮ್ ಮುಚ್ಚುವುದಿಲ್ಲ, ಗಡಿಯಾರದ ಪಕ್ಕಕ್ಕೆ ಸರಿದು ಓಡುತ್ತಲೇ ಇರುತ್ತದೆ. ಮೇಲಿನ ಸ್ಟೀಮ್ ಮೆನುವಿನಿಂದ ‘ಎಕ್ಸಿಟ್’ ಆಯ್ಕೆಮಾಡಿ. ಎಪಿಕ್, ಇಎ, ರಾಕ್‌ಸ್ಟಾರ್ ಲಾಂಚರ್‌ಗಳನ್ನೂ ಗಡಿಯಾರದ ಪಕ್ಕದ ಚಿಹ್ನೆಯಿಂದಲೇ ಮುಚ್ಚಿ. ಮಾಡ್ ಮ್ಯಾನೇಜರ್ ಇದ್ದರೆ ಅದನ್ನೂ ಮುಚ್ಚಿ.

ಇಷ್ಟು ಕಟ್ಟುನಿಟ್ಟು ಬೇಕೇ ಎಂದರೆ, ಬೇಕು. ಮಧ್ಯದಲ್ಲಿ ಡಾಕ್ಯುಮೆಂಟ್ಸ್ ಖಾಲಿ ಕಾಣುವ ಒಂದು ಘಟ್ಟ ಬರುತ್ತದೆ. ಆಗ ಸ್ಟೀಮ್ ಓಡುತ್ತಿದ್ದು ನೀವು ಗೇಮ್ ತೆರೆದರೆ, ಖಾಲಿ ಫೋಲ್ಡರನ್ನೇ ಇತ್ತೀಚಿನ ಸ್ಥಿತಿ ಎಂದುಕೊಂಡು ಸ್ಟೀಮ್ ಕ್ಲೌಡ್‌ನ (ಸ್ಟೀಮ್‌ನದೇ ಕ್ಲೌಡ್ ಸಂಗ್ರಹದ) ಒಳ್ಳೆಯ ಸೇವ್ ಮೇಲೆ ಬರೆದುಬಿಡುವ ಅಪಾಯವಿದೆ. ಹಂತ 7ರವರೆಗೆ ಯಾವ ಲಾಂಚರನ್ನೂ ತೆರೆಯಬೇಡಿ.

## ಹಂತ 2: ಮೋಡದಲ್ಲಿರುವುದನ್ನೆಲ್ಲ ಡಿಸ್ಕ್‌ಗೆ ಇಳಿಸಿ

ಎಕ್ಸ್‌ಪ್ಲೋರರ್‌ನಲ್ಲಿ ಒನ್‌ಡ್ರೈವ್ ಒಳಗಿನ ಡಾಕ್ಯುಮೆಂಟ್ಸ್ ಮೇಲೆ ರೈಟ್ ಕ್ಲಿಕ್ ಮಾಡಿ ‘ಆಲ್ವೇಸ್ ಕೀಪ್ ಆನ್ ದಿಸ್ ಡಿವೈಸ್’ ಆಯ್ಕೆಮಾಡಿ. ನೀಲಿ ಮೋಡಗಳೆಲ್ಲ ಹಸಿರು ಆಗುವವರೆಗೆ ಕಾಯಿರಿ. ಗಡಿಯಾರದ ಪಕ್ಕದ ಒನ್‌ಡ್ರೈವ್ ಚಿಹ್ನೆ ಒತ್ತಿದರೆ ಎಷ್ಟು ಬಾಕಿ ಇದೆ ಎಂದು ಕಾಣುತ್ತದೆ. ಅದರ ಹತ್ತಿರವೇ ‘ಫ್ರೀ ಅಪ್ ಸ್ಪೇಸ್’ ಎಂಬ ಇನ್ನೊಂದು ಆಯ್ಕೆ ಇರುತ್ತದೆ. ಅದು ಇದಕ್ಕೆ ನೇರ ವಿರುದ್ಧ, ಡಿಸ್ಕ್‌ನಲ್ಲಿರುವ ಪ್ರತಿ ಅಳಿಸಿ ಮೋಡವನ್ನಷ್ಟೇ ಉಳಿಸುತ್ತದೆ. ಕೈತಪ್ಪಿ ಅದನ್ನು ಒತ್ತಬೇಡಿ.

ಎಲ್ಲ ಇಳಿದಿದೆಯೇ ಎಂದು ಕಣ್ಣಳತೆಯಲ್ಲಿ ತೀರ್ಮಾನಿಸಬೇಡಿ. ಫೋಲ್ಡರ್ ಮೇಲೆ ರೈಟ್ ಕ್ಲಿಕ್ ಮಾಡಿ ‘ಪ್ರಾಪರ್ಟೀಸ್’ ತೆರೆದು ‘ಸೈಜ್’ ಮತ್ತು ‘ಸೈಜ್ ಆನ್ ಡಿಸ್ಕ್’ ಎಂಬ ಎರಡು ಅಂಕಿಗಳನ್ನು ಹೋಲಿಸಿ. ಮೋಡದಲ್ಲಿ ಮಾತ್ರ ಇರುವ ಫೈಲ್ ‘ಸೈಜ್ ಆನ್ ಡಿಸ್ಕ್’ ಲೆಕ್ಕದಲ್ಲಿ ಸೊನ್ನೆ. ಎರಡೂ ಹತ್ತಿರ ಹತ್ತಿರ ಇದ್ದರೆ ಸರಿ. ಮೊದಲನೆಯದು 8 ಜಿಬಿ, ಎರಡನೆಯದು 3 ಜಿಬಿ ಎಂದಿದ್ದರೆ 5 ಜಿಬಿ ಇನ್ನೂ ಕ್ಲೌಡ್‌ನಲ್ಲೇ ಇದೆ.

ಈ ಹಂತವನ್ನು ಹಾರಿಸಿದರೆ ಸೇವ್ ಕಳೆದುಕೊಳ್ಳುವ ಅಪಾಯವಿದೆ. ಇಲ್ಲಿ ಒಂದು ಗಂಟೆ ಹೋದರೂ ಹೋಗಲಿ.

## ಹಂತ 3: ಬೇರೆ ಡ್ರೈವ್‌ಗೆ ಒಂದು ಪ್ರತಿ

ಇಡೀ ಡಾಕ್ಯುಮೆಂಟ್ಸ್ ಫೋಲ್ಡರನ್ನು ಕಾಪಿ ಮಾಡಿ ಡಿ ಡ್ರೈವ್ ಅಥವಾ ಪೆನ್‌ಡ್ರೈವ್‌ಗೆ ಪೇಸ್ಟ್ ಮಾಡಿ. ಕಟ್ ಮಾಡಬೇಡಿ, ಎಳೆದು ಬಿಡಲೂ ಬೇಡಿ. ಒನ್‌ಡ್ರೈವ್ ಫೋಲ್ಡರ್‌ನಿಂದ ಹೊರಗೆ ಸರಿಸಿದ್ದನ್ನು ಒನ್‌ಡ್ರೈವ್ ‘ಅಳಿಸಲಾಗಿದೆ’ ಎಂದೇ ಲೆಕ್ಕ ಹಾಕುತ್ತದೆ. ಅದೇ ಖಾತೆಯ ಇನ್ನೊಂದು ಕಂಪ್ಯೂಟರ್‌ನಲ್ಲೂ ಆ ಫೈಲ್‌ಗಳು ಅಳಿಸಿಹೋಗುತ್ತವೆ.

ಪೇಸ್ಟ್ ಮುಗಿದ ಮೇಲೆ ಎರಡೂ ಕಡೆ ಪ್ರಾಪರ್ಟೀಸ್ ತೆರೆದು ಫೈಲ್‌ಗಳ ಸಂಖ್ಯೆ ಹೋಲಿಸಿ. ಮೂಲದಲ್ಲಿ 4,312 ಇದ್ದರೆ ಪ್ರತಿಯಲ್ಲೂ 4,312 ಇರಬೇಕು. ಕಡಿಮೆ ಬಂದರೆ ಸಾಮಾನ್ಯವಾಗಿ ಹೆಸರು ತೀರಾ ಉದ್ದವಾಗಿರುವ ಮಾಡ್ ಫೈಲ್‌ಗಳೇ ಕಾರಣ. ವಿಂಡೋಸ್‌ನ ಹಳೆಯ ಮಿತಿ ಪೂರ್ತಿ ವಿಳಾಸಕ್ಕೆ 260 ಅಕ್ಷರ. ಫೋಲ್ಡರ್ ಒಳಗೆ ಫೋಲ್ಡರ್ ಮಾಡಿ ಸಿಮ್ಸ್ ಮಾಡ್‌ಗಳನ್ನು ಜೋಡಿಸಿಟ್ಟವರಿಗೆ ಇದು ಎದುರಾಗುತ್ತದೆ. ಅಂಥ ಫೋಲ್ಡರ್‌ಗಳ ಹೆಸರು ಚಿಕ್ಕದು ಮಾಡಿ ಮತ್ತೆ ಕಾಪಿ ಮಾಡಿ.

## ಹಂತ 4: ಡಾಕ್ಯುಮೆಂಟ್ಸ್ ಬ್ಯಾಕಪ್ ನಿಲ್ಲಿಸಿ

ಒನ್‌ಡ್ರೈವ್ ಚಿಹ್ನೆ ಒತ್ತಿ, ಗೇರ್ ಗುರುತಿನಿಂದ ‘ಸೆಟ್ಟಿಂಗ್ಸ್’ಗೆ ಹೋಗಿ. ‘ಸಿಂಕ್ ಅಂಡ್ ಬ್ಯಾಕಪ್’ ಅಡಿಯಲ್ಲಿ ‘ಮ್ಯಾನೇಜ್ ಬ್ಯಾಕಪ್’ ಒತ್ತಿ. ಡಾಕ್ಯುಮೆಂಟ್ಸ್ ಎದುರಿನ ಸ್ವಿಚ್ ಆಫ್ ಮಾಡಿ, ‘ಸ್ಟಾಪ್ ಬ್ಯಾಕಪ್’ ಎಂದು ಖಚಿತಪಡಿಸಿ. ಡೆಸ್ಕ್‌ಟಾಪ್, ಪಿಕ್ಚರ್ಸ್ ಬ್ಯಾಕಪ್ ಬೇಕಿದ್ದರೆ ಅವನ್ನು ಆನ್ ಇರಲು ಬಿಡಿ. ಒಂದನ್ನು ನಿಲ್ಲಿಸಲು ಎಲ್ಲವನ್ನೂ ನಿಲ್ಲಿಸಬೇಕಿಲ್ಲ.

ಇಲ್ಲಿಂದ ಮುಂದೆ ಎರಡು ಬಗೆಯಲ್ಲಿ ಸಾಗಬಹುದು. ಕೆಲವು ಆವೃತ್ತಿಗಳು ಫೈಲ್‌ಗಳನ್ನು ಕಂಪ್ಯೂಟರ್‌ನಲ್ಲಿ ಇಡಬೇಕೋ ಒನ್‌ಡ್ರೈವ್‌ನಲ್ಲೋ ಎಂದು ಕೇಳುತ್ತವೆ. ಹಾಗೆ ಕೇಳಿದರೆ ‘ಕಂಪ್ಯೂಟರ್‌ನಲ್ಲಿ ಮಾತ್ರ’ ಎಂಬರ್ಥದ ಆಯ್ಕೆ ಒತ್ತಿ. ಹಂತ 3ರ ಪ್ರತಿ ಇದ್ದೇ ಇದೆ. ಕೇಳದಿದ್ದರೆ ಫೈಲ್‌ಗಳು ಒನ್‌ಡ್ರೈವ್ ಫೋಲ್ಡರ್‌ನಲ್ಲೇ ಉಳಿದು, ನಿಮ್ಮ ಸ್ವಂತ ಡಾಕ್ಯುಮೆಂಟ್ಸ್ (ಒನ್‌ಡ್ರೈವ್ ಹೊರಗಿನದು) ಖಾಲಿಯಾಗಿ ಕಾಣುತ್ತದೆ. ಒಳಗೆ ‘ವೇರ್ ಆರ್ ಮೈ ಫೈಲ್ಸ್’ ಎಂಬ ಶಾರ್ಟ್‌ಕಟ್ ಒಂದೇ ಇರುತ್ತದೆ. ಗಾಬರಿಯಾಗಿ ಮತ್ತೆ ಬ್ಯಾಕಪ್ ಆನ್ ಮಾಡಬೇಡಿ. ಏನೂ ಕಳೆದಿಲ್ಲ.

## ಹಂತ 5: ಡಾಕ್ಯುಮೆಂಟ್ಸ್ ವಿಳಾಸ ಪರೀಕ್ಷಿಸಿ

ಎಕ್ಸ್‌ಪ್ಲೋರರ್‌ನ ಎಡಪಟ್ಟಿಯ ಡಾಕ್ಯುಮೆಂಟ್ಸ್ ಮೇಲೆ ರೈಟ್ ಕ್ಲಿಕ್ ಮಾಡಿ, ಪ್ರಾಪರ್ಟೀಸ್‌ನಲ್ಲಿ ‘ಲೊಕೇಶನ್’ ಟ್ಯಾಬ್ ತೆರೆಯಿರಿ. ವಿಳಾಸದಲ್ಲಿ ‘ಒನ್‌ಡ್ರೈವ್’ ಎಂಬ ಪದ ಇರಬಾರದು. ಇನ್ನೂ ಇದ್ದರೆ ‘ರಿಸ್ಟೋರ್ ಡೀಫಾಲ್ಟ್’ ಒತ್ತಿ, ‘ಅಪ್ಲೈ’ ಕೊಡಿ. ಹಳೆಯ ಜಾಗದ ಫೈಲ್‌ಗಳನ್ನೆಲ್ಲ ಹೊಸ ಜಾಗಕ್ಕೆ ಸರಿಸಬೇಕೇ ಎಂದು ಕೇಳಿದಾಗ ‘ನೋ’ ಎನ್ನಿ. ‘ಯೆಸ್’ ಎಂದರೆ ಫೈಲ್‌ಗಳು ಒನ್‌ಡ್ರೈವ್‌ನಿಂದ ಸರಿದು, ಹಂತ 3ರಲ್ಲಿ ಹೇಳಿದಂತೆ ಕ್ಲೌಡ್‌ನಲ್ಲೂ ಇನ್ನೊಂದು ಕಂಪ್ಯೂಟರ್‌ನಲ್ಲೂ ಅಳಿಸಿಹೋಗುತ್ತವೆ. ಎಲ್ಲ ಕಡೆ ಪರೀಕ್ಷೆ ಮುಗಿಯುವ ಮುನ್ನ ಅದು ಬೇಡ.

ಡಾಕ್ಯುಮೆಂಟ್ಸ್ ಅನ್ನು ಡಿ ಡ್ರೈವ್‌ಗೇ ಸಾಗಿಸಬೇಕೆಂದಿದ್ದರೆ ಇದೇ ಟ್ಯಾಬ್‌ನ ‘ಮೂವ್’ ಬಳಸಬಹುದು. ಮೊದಲು ಡಿ ಡ್ರೈವ್‌ನಲ್ಲಿ ಒಂದು ಫೋಲ್ಡರ್ ಮಾಡಿ ಅದನ್ನೇ ತೋರಿಸಿ. ಫೋಲ್ಡರ್ ಮಾಡದೆ ಬರೀ ಡಿ ಡ್ರೈವ್ ಅನ್ನೇ ತೋರಿಸಿದರೆ ಆಮೇಲೆ ಬಿಡಿಸಿಕೊಳ್ಳುವುದು ಕಷ್ಟ. ಫೋಲ್ಡರ್‌ಗೆ ಕನ್ನಡದಲ್ಲಿ ಹೆಸರಿಡುವ ಆಸೆಯನ್ನು ಇಲ್ಲಿ ಮಾತ್ರ ತಡೆಯಿರಿ. ವಿಂಡೋಸ್‌ಗೆ ಕನ್ನಡ ಹೆಸರಿನಿಂದ ತೊಂದರೆಯಿಲ್ಲ, ಆದರೆ ಹಳೆಯ ಗೇಮ್‌ಗಳಲ್ಲಿ ಹಲವು ಇಂಗ್ಲಿಷ್ ಅಕ್ಷರವಲ್ಲದ ವಿಳಾಸ ಓದಲಾರದೆ ಸೇವ್ ಮಾಡುವುದನ್ನೇ ಬಿಡುತ್ತವೆ.

## ಹಂತ 6: ಗೇಮ್ ಫೋಲ್ಡರ್‌ಗಳನ್ನು ಸ್ವಂತ ಜಾಗಕ್ಕೆ ತನ್ನಿ

ಡಾಕ್ಯುಮೆಂಟ್ಸ್ ಖಾಲಿ ಇದ್ದರೆ, ಹಂತ 3ರಲ್ಲಿ ಮಾಡಿದ ಪ್ರತಿಯಿಂದ ‘ಮೈ ಗೇಮ್ಸ್’, ‘ರಾಕ್‌ಸ್ಟಾರ್ ಗೇಮ್ಸ್’, ‘ಪ್ಯಾರಡಾಕ್ಸ್ ಇಂಟರಾಕ್ಟಿವ್’ ಮುಂತಾದ ಫೋಲ್ಡರ್‌ಗಳನ್ನು ಅದರೊಳಗೆ ಪೇಸ್ಟ್ ಮಾಡಿ. ಹೆಸರು ಒಂದಕ್ಷರವೂ ಬದಲಾಗಬಾರದು. ‘ಮೈ ಗೇಮ್ಸ್’ ಒಳಗೆ ಇನ್ನೊಂದು ‘ಮೈ ಗೇಮ್ಸ್’ ಆಗಿಬಿಡುವುದು ಇಲ್ಲಿನ ಮಾಮೂಲಿ ತಪ್ಪು, ಹಾಗಾದರೆ ಗೇಮ್‌ಗೆ ಏನೂ ಕಾಣುವುದಿಲ್ಲ.

ಸ್ವಂತ ಡಾಕ್ಯುಮೆಂಟ್ಸ್‌ನಲ್ಲಿ ಅದೇ ಹೆಸರಿನ ಫೋಲ್ಡರ್ ಮೊದಲೇ ಇರಲೂಬಹುದು. ವಿಂಡೋಸ್‌ನ ನಿಜವಾದ ವಿಳಾಸ ಕೇಳದೆ ‘ಯೂಸರ್ಸ್ ಒಳಗಿನ ಡಾಕ್ಯುಮೆಂಟ್ಸ್’ ಎಂದೇ ಬರೆದುಕೊಂಡಿರುವ ಗೇಮ್‌ಗಳು, ಮಾಡ್ ಉಪಕರಣಗಳು ಹೀಗೆ ಎರಡನೆಯ ಫೋಲ್ಡರ್ ಹುಟ್ಟಿಸುತ್ತವೆ. ‘ರಿಪ್ಲೇಸ್’ ಒತ್ತುವ ಮುನ್ನ ಎರಡೂ ಕಡೆಯ ಸೇವ್‌ಗಳ ದಿನಾಂಕ, ಗಂಟೆ ನೋಡಿ, ಹೊಸದನ್ನು ಉಳಿಸಿ.

ಸಿಮ್ಸ್ 4 ಆಡುವವರು ಇಲ್ಲಿ ಒಂದು ಕೆಲಸ ಹೆಚ್ಚಿಗೆ ಮಾಡಿ: ಅದರ ಫೋಲ್ಡರ್‌ನಲ್ಲಿರುವ ‘ಲೋಕಲ್‌ಥಂಬ್‌ಕ್ಯಾಶ್’ ಹೆಸರಿನ ಫೈಲ್ ಅಳಿಸಿ. ಗೇಮ್ ಅದನ್ನು ತಾನೇ ಹೊಸದಾಗಿ ಕಟ್ಟಿಕೊಳ್ಳುತ್ತದೆ.

ಕಾಗದಪತ್ರಗಳದ್ದು ಬೇರೆ ದಾರಿ. ಒನ್‌ಡ್ರೈವ್ ಒಳಗೆ ‘ಕಾಗದಪತ್ರ’ ಎಂದೋ ‘ಆಫೀಸ್’ ಎಂದೋ ಹೊಸ ಫೋಲ್ಡರ್ ಮಾಡಿ, ಅಂಕಪಟ್ಟಿ, ಆಧಾರ್ ಪ್ರತಿ, ರೆಸ್ಯೂಮೆ, ಲೆಕ್ಕದ ಹಾಳೆಗಳನ್ನು ಒನ್‌ಡ್ರೈವ್‌ನ ಹಳೆಯ ಡಾಕ್ಯುಮೆಂಟ್ಸ್‌ನಿಂದ ಅಲ್ಲಿಗೆ ಸರಿಸಿ. ಹಂತ 4ರಲ್ಲಿ ಫೈಲ್‌ಗಳು ಕಂಪ್ಯೂಟರ್‌ಗೇ ಬಂದಿದ್ದರೆ ಅಲ್ಲಿಂದ ಕಾಪಿ ಮಾಡಿ ಹಾಕಿ. ಇಲ್ಲಿ ಕನ್ನಡ ಹೆಸರು ಧಾರಾಳವಾಗಿ ಇಡಬಹುದು. ಈ ಫೋಲ್ಡರನ್ನು ಎಕ್ಸ್‌ಪ್ಲೋರರ್‌ನ ಎಡಪಟ್ಟಿಗೆ ಪಿನ್ ಮಾಡಿದರೆ ಹುಡುಕುವ ಕೆಲಸ ತಪ್ಪುತ್ತದೆ. ಹಳೆಯ ಡಾಕ್ಯುಮೆಂಟ್ಸ್‌ಗೆ ಹೋಗುವ ಪಿನ್ ಇದ್ದರೆ ತೆಗೆದುಹಾಕಿ, ಇಲ್ಲದಿದ್ದರೆ ಮುಂದಿನ ತಿಂಗಳು ಯಾವುದು ಯಾವುದೋ ಗೊತ್ತಾಗುವುದಿಲ್ಲ.

## ಹಂತ 7: ಆಡಿ ಪರೀಕ್ಷಿಸಿ

ಈಗ ಲಾಂಚರ್ ತೆರೆಯಿರಿ. ಸ್ಟೀಮ್ ‘ಕ್ಲೌಡ್ ಕಾನ್‌ಫ್ಲಿಕ್ಟ್’ ಎಂದು ಕೇಳಿದರೆ ಎರಡೂ ಕಡೆಯ ಸಮಯ ಓದಿ, ನೀವು ಕೊನೆಯ ಬಾರಿ ಆಡಿದ ಸಮಯಕ್ಕೆ ಹೊಂದುವುದನ್ನು ಆರಿಸಿ. ಗೇಮ್‌ನಲ್ಲಿ ಹಳೆಯ ಸೇವ್ ಲೋಡ್ ಮಾಡಿ, ಐದು ನಿಮಿಷ ಆಡಿ, ಹೊಸದೊಂದು ಸೇವ್ ಮಾಡಿ, ಹೊರಗೆ ಬನ್ನಿ.

ಆಮೇಲೆ ಎರಡು ಜಾಗ ನೋಡಬೇಕು. ಸ್ವಂತ ಡಾಕ್ಯುಮೆಂಟ್ಸ್‌ನ ಸೇವ್ ಫೋಲ್ಡರ್‌ನಲ್ಲಿ ಈಗಿನ ಸಮಯದ ಫೈಲ್ ಇರಬೇಕು, ಅದರ ಪಕ್ಕದಲ್ಲಿ ಮೋಡವಾಗಲಿ ಹಸಿರು ಟಿಕ್ ಆಗಲಿ ಇರಬಾರದು. ಒನ್‌ಡ್ರೈವ್ ಒಳಗಿನ ಹಳೆಯ ಫೋಲ್ಡರ್‌ನಲ್ಲಿ ಈಗಿನ ಸಮಯದ ಫೈಲ್ ಯಾವುದೂ ಇರಬಾರದು. ಅಲ್ಲಿಯೇ ಬರೆಯುತ್ತಿದ್ದರೆ ಕಂಪ್ಯೂಟರ್ ಒಮ್ಮೆ ರೀಸ್ಟಾರ್ಟ್ ಮಾಡಿ ಹಂತ 5ಕ್ಕೆ ಮರಳಿ. ನೀವು ಆಡುವ ಪ್ರತಿ ಗೇಮ್‌ಗೂ ಈ ಪರೀಕ್ಷೆ ಬೇರೆ ಬೇರೆ ಮಾಡಿ. ಒಂದು ಸರಿಯಾಯಿತೆಂದು ಉಳಿದವೂ ಸರಿಯಾದವು ಎಂದುಕೊಳ್ಳಬೇಡಿ.

## ಹಂತ 8: ಕ್ಲೌಡ್‌ನ ಹಳೆಯ ಪ್ರತಿ ತೆಗೆಯಿರಿ

ಅವಸರ ಬೇಡ. ಒಂದು ವಾರ ಆಡಿ, ಎಲ್ಲ ಸರಿಯಿದೆ ಎಂದು ಖಾತ್ರಿಯಾದ ಮೇಲೆ ಒನ್‌ಡ್ರೈವ್ ಒಳಗೆ ಉಳಿದಿರುವ ಗೇಮ್ ಫೋಲ್ಡರ್‌ಗಳನ್ನು ಅಳಿಸಿ. ಅಳಿಸಿದ್ದು ಒನ್‌ಡ್ರೈವ್ ಜಾಲತಾಣದ ರೀಸೈಕಲ್ ಬಿನ್‌ನಲ್ಲಿ ವೈಯಕ್ತಿಕ ಖಾತೆಗಳಿಗೆ 30 ದಿನ ಇರುತ್ತದೆ. ಬಿನ್ ತುಂಬಿದರೆ ಹಳೆಯವು ಇನ್ನೂ ಬೇಗ ಹೋಗಬಹುದು. ಡಿ ಡ್ರೈವ್‌ನ ಪ್ರತಿಯನ್ನು ಈ 30 ದಿನ ಮುಗಿಯುವವರೆಗೂ ಇಟ್ಟುಕೊಳ್ಳಿ.

## ಡೆಸ್ಕ್‌ಟಾಪ್ ಮತ್ತು ವಿಡಿಯೋ ಕ್ಲಿಪ್‌ಗಳು

ಸ್ಟೀಮ್, ಎಪಿಕ್‌ನಿಂದ ಹಾಕಿದ ಗೇಮ್‌ಗಳು ‘ಪ್ರೋಗ್ರಾಂ ಫೈಲ್ಸ್’ ಒಳಗೋ ಬೇರೆ ಡ್ರೈವ್‌ನಲ್ಲೋ ಇರುತ್ತವೆ, ಅವುಗಳಿಗೆ ತೊಂದರೆಯಿಲ್ಲ. ಜಿಪ್ ಫೈಲ್ ಇಳಿಸಿ ಡೆಸ್ಕ್‌ಟಾಪ್ ಮೇಲೆಯೇ ಬಿಚ್ಚಿ ಆಡುವ ಸಣ್ಣ ಗೇಮ್‌ಗಳು, ಎಮ್ಯುಲೇಟರ್‌ಗಳು ಮಾತ್ರ ಪೂರ್ತಿಯಾಗಿ ಕ್ಲೌಡ್‌ಗೆ ಹೋಗುತ್ತವೆ. ಡಿ ಡ್ರೈವ್‌ನಲ್ಲಿ ‘ಗೇಮ್ಸ್’ ಎಂದು ಇಂಗ್ಲಿಷ್ ಅಕ್ಷರದಲ್ಲೇ ಒಂದು ಫೋಲ್ಡರ್ ಮಾಡಿ ಅಲ್ಲಿ ಬಿಚ್ಚಿ, ಡೆಸ್ಕ್‌ಟಾಪ್‌ನಲ್ಲಿ ಶಾರ್ಟ್‌ಕಟ್ ಇಡಿ.

ಗೇಮ್ ಬಾರ್‌ನಲ್ಲಿ ರೆಕಾರ್ಡ್ ಮಾಡಿದ ಕ್ಲಿಪ್‌ಗಳು ವಿಡಿಯೋಸ್ ಒಳಗಿನ ‘ಕ್ಯಾಪ್ಚರ್ಸ್’ಗೆ ಹೋಗುತ್ತವೆ. ವಿಡಿಯೋಸ್ ಬ್ಯಾಕಪ್ ಆನ್ ಇದ್ದರೆ ಕೆಲವೇ ಕ್ಲಿಪ್‌ಗಳಿಗೆ 5 ಜಿಬಿ ತುಂಬುತ್ತದೆ. ಮ್ಯಾನೇಜ್ ಬ್ಯಾಕಪ್‌ನಲ್ಲಿ ವಿಡಿಯೋಸ್ ಸ್ವಿಚ್ ಕೂಡ ಆಫ್ ಮಾಡುವುದು ಒಳ್ಳೆಯದು.

## ಕೆಲಸ ಮಾಡದ ಉಪಾಯಗಳು

ಜಂಕ್ಷನ್: ಗೇಮ್ ಫೋಲ್ಡರನ್ನು ಹೊರಗಿಟ್ಟು ಒನ್‌ಡ್ರೈವ್ ಒಳಗೆ ಅದಕ್ಕೆ ಕೊಂಡಿ ಹಾಕುವುದು ಅನೇಕರು ಹೇಳುವ ಉಪಾಯ. ಒನ್‌ಡ್ರೈವ್ ಆ ಕೊಂಡಿ ಹಿಡಿದು ಹೊರಗಿನ ಫೈಲ್‌ಗಳನ್ನೂ ಅಪ್‌ಲೋಡ್ ಮಾಡಲು ತೊಡಗುತ್ತದೆ. ಹೊರಗಿನ ಫೋಲ್ಡರನ್ನು ಕ್ಲೌಡ್‌ಗೆ ಕಳಿಸಬೇಕೆನ್ನುವವರು ಬಳಸುವ ಉಪಾಯವೇ ಇದು.

ಫೈಲ್ ವಿಧ ಹೊರಗಿಡುವುದು: ಅಡ್ವಾನ್ಸ್ಡ್ ಸೆಟ್ಟಿಂಗ್ಸ್‌ನಲ್ಲಿ ಇಂಥ ಎಕ್ಸ್‌ಟೆನ್ಶನ್‌ನ ಫೈಲ್ ಅಪ್‌ಲೋಡ್ ಬೇಡ ಎಂದು ಹೇಳಬಹುದು. ಅದು ಫೋಲ್ಡರ್ ನೋಡುವುದಿಲ್ಲ, ಇಡೀ ಒನ್‌ಡ್ರೈವ್‌ಗೆ ಅನ್ವಯಿಸುತ್ತದೆ. ಜಿಪ್ ಹೊರಗಿಟ್ಟರೆ ನಿಮ್ಮ ಕಾಲೇಜಿನ ಪ್ರಾಜೆಕ್ಟ್ ಜಿಪ್ ಕೂಡ ಹೊರಗೆ. ಸೇವ್‌ನ ಜೊತೆಗಿರುವ ಸೆಟ್ಟಿಂಗ್ ಫೈಲ್‌ಗಳು ಹೇಗೂ ಹೋಗುತ್ತಲೇ ಇರುತ್ತವೆ.

ಪಾಜ್ (ತಾತ್ಕಾಲಿಕವಾಗಿ ನಿಲ್ಲಿಸುವುದು): 2, 8 ಅಥವಾ 24 ಗಂಟೆ ಸಿಂಕ್ ನಿಲ್ಲಿಸಬಹುದು. ಇವತ್ತು ಸಂಜೆ ಆಡಬೇಕು, ಮೇಲಿನ ಹಂತಗಳಿಗೆ ಸಮಯವಿಲ್ಲ ಎನ್ನುವಾಗ ಸರಿ. ಅವಧಿ ಮುಗಿದೊಡನೆ ಬಾಕಿ ಇದ್ದದ್ದೆಲ್ಲ ಒಟ್ಟಿಗೇ ಹೋಗುತ್ತದೆ.

## ಆಫೀಸ್ ಅಥವಾ ಕಾಲೇಜು ಖಾತೆಯಾಗಿದ್ದರೆ

ಸಂಸ್ಥೆಯವರು ಬ್ಯಾಕಪ್ ಕಡ್ಡಾಯ ಮಾಡಿದ್ದರೆ ಹಂತ 4ರ ಸ್ವಿಚ್ ಒತ್ತಲು ಬರುವುದಿಲ್ಲ. ಅದನ್ನು ಮುರಿಯಲು ಹೋಗಬೇಡಿ. ಕೆಲವು ಗೇಮ್‌ಗಳಿಗೆ ಸೇವ್ ಜಾಗವನ್ನೇ ಬದಲಿಸಬಹುದು. ಯೂರೋ ಟ್ರಕ್‌ಗೆ ಸ್ಟೀಮ್‌ನ ಲಾಂಚ್ ಆಪ್ಶನ್ಸ್‌ನಲ್ಲಿ, ಮುಂದೆ ಹೈಫನ್ ಹಾಕಿದ ‘ಹೋಮ್‌ಡಿರ್’ ಪದ ಮತ್ತು ಉದ್ಧರಣ ಚಿಹ್ನೆಯೊಳಗೆ ಹೊಸ ವಿಳಾಸ ಕೊಟ್ಟರೆ ಅಲ್ಲಿ ಬರೆಯುತ್ತದೆ. ಪ್ಯಾರಡಾಕ್ಸ್ ಗೇಮ್‌ಗಳಲ್ಲಿ ಲಾಂಚರ್ ಸೆಟ್ಟಿಂಗ್ಸ್ ಫೈಲ್‌ನೊಳಗಿನ ‘ಗೇಮ್ ಡೇಟಾ ಪಾತ್’ ಸಾಲು ತಿದ್ದಬಹುದು, ಆದರೆ ಗೇಮ್ ಅಪ್‌ಡೇಟ್ ಆದಾಗ ಅದು ಹಳೆಯದಕ್ಕೆ ಮರಳಬಹುದು. ಸಂಸ್ಥೆಯ ಖಾತೆಗೆ ವೈಯಕ್ತಿಕ ಫೈಲ್ ಹೋಗುತ್ತಿರುವುದು ಆಡಳಿತಕ್ಕೆ ಕಾಣಿಸುತ್ತದೆ ಎಂಬುದು ನೆನಪಿರಲಿ.

## ಗೂಗಲ್ ಡ್ರೈವ್, ಡ್ರಾಪ್‌ಬಾಕ್ಸ್ ಬಳಸುವವರಿಗೆ

ಗೂಗಲ್ ಡ್ರೈವ್ ನಿಮ್ಮ ಡಾಕ್ಯುಮೆಂಟ್ಸ್ ಜಾಗ ಬದಲಿಸುವುದಿಲ್ಲ, ಇದ್ದಲ್ಲಿಂದಲೇ ಸಿಂಕ್ ಮಾಡುತ್ತದೆ. ಪ್ರಿಫರೆನ್ಸಸ್‌ನಲ್ಲಿ ನಿಮ್ಮ ಲ್ಯಾಪ್‌ಟಾಪ್‌ನ ಫೋಲ್ಡರ್ ಪಟ್ಟಿ ತೆರೆದು, ಡಾಕ್ಯುಮೆಂಟ್ಸ್ ಬಿಟ್ಟು ಕಾಗದಪತ್ರದ ಫೋಲ್ಡರ್ ಮಾತ್ರ ಸೇರಿಸಿ. ಅಲ್ಲಿನ ಉಚಿತ 15 ಜಿಬಿ ಜಿಮೇಲ್ ಮತ್ತು ಫೋಟೋಸ್ ಜೊತೆ ಹಂಚಿಕೆ ಎಂಬುದನ್ನು ಮರೆಯಬೇಡಿ. ಡ್ರಾಪ್‌ಬಾಕ್ಸ್‌ನಲ್ಲಿ ಫೋಲ್ಡರನ್ನು ‘ಇಗ್ನೋರ್’ ಮಾಡುವ ಸೌಲಭ್ಯ ಇದೆ. ಅದು ನಿಮ್ಮ ಡಿಸ್ಕ್‌ನಲ್ಲಿ ಉಳಿದು ಕ್ಲೌಡ್‌ನಿಂದ ಹೋಗುತ್ತದೆ. ಅಲ್ಲಿನ ‘ಸೆಲೆಕ್ಟಿವ್ ಸಿಂಕ್’ ಮಾತ್ರ ಒನ್‌ಡ್ರೈವ್‌ನ ಚೂಸ್ ಫೋಲ್ಡರ್ಸ್‌ನಂತೆಯೇ, ಡಿಸ್ಕ್‌ನ ಪ್ರತಿಯನ್ನು ಅಳಿಸುತ್ತದೆ.

## ಈಗಾಗಲೇ ಸೇವ್ ಹೋಗಿದ್ದರೆ

ಮೊದಲು ಗೇಮ್ ತೆರೆಯುವುದನ್ನು ನಿಲ್ಲಿಸಿ. ಬ್ರೌಸರ್‌ನಲ್ಲಿ ಒನ್‌ಡ್ರೈವ್‌ಗೆ ಲಾಗಿನ್ ಆಗಿ ಡಾಕ್ಯುಮೆಂಟ್ಸ್ ಒಳಗೆ ಹುಡುಕಿ. ಚೂಸ್ ಫೋಲ್ಡರ್ಸ್‌ನಿಂದ ಹೋದದ್ದು ಅಲ್ಲಿ ಹಾಗೇ ಇರುತ್ತದೆ, ಇಡೀ ಫೋಲ್ಡರ್ ಡೌನ್‌ಲೋಡ್ ಮಾಡಿಕೊಳ್ಳಿ. ಅಲ್ಲಿಲ್ಲದಿದ್ದರೆ ರೀಸೈಕಲ್ ಬಿನ್ ನೋಡಿ. ಫೈಲ್ ಇದ್ದೂ ಕೆಟ್ಟಿದ್ದರೆ ಅದರ ಮೇಲೆ ರೈಟ್ ಕ್ಲಿಕ್ ಮಾಡಿ ‘ವರ್ಶನ್ ಹಿಸ್ಟರಿ’ ತೆರೆಯಿರಿ. ವೈಯಕ್ತಿಕ ಖಾತೆಯಲ್ಲಿ ಕೊನೆಯ 25 ಆವೃತ್ತಿಗಳವರೆಗೆ ಸಿಗುತ್ತವೆ. ಕೆಡುವ ಮುಂಚಿನ ಸಮಯದ್ದನ್ನು ಇಳಿಸಿಕೊಳ್ಳಿ. ಕಂಪ್ಯೂಟರ್ ಹೆಸರು ಅಂಟಿದ ಪ್ರತಿ ಕಂಡರೆ, ಮೂಲ ಫೈಲನ್ನು ಬೇರೆಡೆ ಎತ್ತಿಟ್ಟು, ಅಂಟಿದ ಭಾಗ ತೆಗೆದು ಹೆಸರು ಸರಿಮಾಡಿ ಗೇಮ್‌ನಲ್ಲಿ ಲೋಡ್ ಮಾಡಿ ನೋಡಿ.

## ಮುಂದೆ ಸೇವ್‌ಗಳ ಬ್ಯಾಕಪ್ ಯಾರು ಮಾಡುವುದು

ಕ್ಲೌಡ್‌ನಿಂದ ಹೊರಗೆ ತಂದ ಮೇಲೆ ಆ ಹೊಣೆ ನಿಮ್ಮದು. ಸ್ಟೀಮ್ ಕ್ಲೌಡ್ ಇರುವ ಗೇಮ್‌ಗಳಲ್ಲಿ ಅದನ್ನು ಆನ್ ಇಡಿ. ಅದು ಗೇಮ್ ಶುರುವಾಗುವಾಗ, ಮುಚ್ಚಿದ ಮೇಲೆ ಸಿಂಕ್ ಮಾಡುವುದರಿಂದ ಆಟದ ನಡುವೆ ಅಡ್ಡ ಬರುವುದಿಲ್ಲ. ಉಳಿದವಕ್ಕೆ ಲುಡುಸಾವಿ ಎಂಬ ಉಚಿತ, ಮುಕ್ತ ತಂತ್ರಾಂಶ ಚೆನ್ನಾಗಿದೆ. ಕಂಪ್ಯೂಟರ್ ಜಾಲಾಡಿ ಯಾವ ಗೇಮ್‌ನ ಸೇವ್ ಎಲ್ಲಿದೆ ಎಂದು ತಾನೇ ಪತ್ತೆಹಚ್ಚುತ್ತದೆ. ಬ್ಯಾಕಪ್ ಅನ್ನು ಜಿಪ್ ರೂಪದಲ್ಲಿ ಇಡುವಂತೆ ಹೇಳಿ, ಗುರಿಯಾಗಿ ಒನ್‌ಡ್ರೈವ್ ಒಳಗಿನ ಒಂದು ಫೋಲ್ಡರನ್ನೇ ಕೊಡಬಹುದು. ಗೇಮ್ ಬರೆಯುತ್ತಿರುವ ಫೈಲ್ ಕ್ಲೌಡ್‌ಗೆ ಹೋಗಬಾರದಷ್ಟೇ; ಆಡಿ ಮುಗಿಸಿದ ಮೇಲೆ ಮಾಡಿದ ಜಿಪ್ ಧಾರಾಳವಾಗಿ ಹೋಗಲಿ. ಮಾಡ್‌ಗಳನ್ನು ಅದರಲ್ಲಿ ಸೇರಿಸಬೇಡಿ, ಅವನ್ನು ಮತ್ತೆ ಡೌನ್‌ಲೋಡ್ ಮಾಡಿಕೊಳ್ಳಬಹುದು.

ವಿಂಡೋಸ್‌ನ ದೊಡ್ಡ ಅಪ್‌ಡೇಟ್ ಆದಾಗಲೆಲ್ಲ ಹಂತ 5ರ ವಿಳಾಸವನ್ನು ಮತ್ತೊಮ್ಮೆ ನೋಡಿ. ‘ಬ್ಯಾಕಪ್ ಯುವರ್ ಫೋಲ್ಡರ್ಸ್’ ಎಂಬ ಸೂಚನೆ ಆಗಾಗ ಬರುತ್ತದೆ, ಎಕ್ಸ್‌ಪ್ಲೋರರ್‌ನ ವಿಳಾಸ ಪಟ್ಟಿಯಲ್ಲೂ ‘ಸ್ಟಾರ್ಟ್ ಬ್ಯಾಕಪ್’ ಗುಂಡಿ ಕಾಣಿಸುತ್ತದೆ. ಮನೆಯಲ್ಲಿ ಬೇರೆಯವರೂ ಅದೇ ಕಂಪ್ಯೂಟರ್ ಬಳಸುತ್ತಿದ್ದರೆ ಆ ಗುಂಡಿ ಒತ್ತಬೇಡಿ ಎಂದು ಅವರಿಗೂ ತಿಳಿಸಿಡಿ.